ದುಭಾಷಿಯ ಪ್ರಮಾಣ

ಕೇಳಿದ್ದನ್ನು ಕೇಳಿದಂತೆಯೇ ದಾಟಿಸುತ್ತೇನೆ,
ಒಂದು ಮಾತು ಕೂಡಿಸೆನು, ಒಂದು ಕಳೆಯೆನು
ಎಂದು ಪ್ರಮಾಣ ಮಾಡಿ ನಿಂತಿದ್ದೇನೆ
ನೈರೋಬಿಯಲ್ಲಿ, ಮೂರನೇ ಮಹಡಿಯ ಕೋರ್ಟಿನಲ್ಲಿ.
ಎಡಗಡೆ ಬೋರಾನ, ಬಲಗಡೆ ಇಂಗ್ಲಿಷು,
ನಡುವೆ ನನ್ನ ಒಣ ನಾಲಗೆ.

ಪ್ರಕರಣ ಸಣ್ಣದು.
ಟೀಚರಾಗುವ ಕಾಲೇಜಿಗೆ ಸೇರಲು
ಸಿ ಬೇಕೋ, ಡಿ ಪ್ಲಸ್ ಸಾಕೋ.
ಬಡಗಣ ಮರಳುಗಾಡಿನವರಿಗೆಂದು ಸರ್ಕಾರ
ಒಂದು ಮೆಟ್ಟಿಲು ತಗ್ಗಿಸಿತು;
ಆ ಮೆಟ್ಟಿಲು ಮೆಟ್ಟಿಲೇ ಅಲ್ಲ ಎಂದಿತು ನೇಮಕದ ಮಂಡಳಿ.
ಎತ್ತಿದ ಕಾಲು ಎಲ್ಲಿಡಲೆಂದು ನಿಂತವಳು
ತಲಾಸೊ ಇಸಾಕೊ, ವಯಸ್ಸು ಇಪ್ಪತ್ತಮೂರು,
ಚಲ್ಬಿ ಮರುಭೂಮಿಯ ಅಂಚಿನವಳು.

"ಕನಿಷ್ಠ ಅರ್ಹತೆ ಏನೆಂದು ತಮಗೆ ಗೊತ್ತಿತ್ತೆ?"
ಎಂದರು ಮಂಡಳಿಯ ವಕೀಲರು.
ಕನಿಷ್ಠ.
ತಡವರಿಸಿದೆ.
ಚಿಕ್ಕದಕ್ಕೆ ನನ್ನಲ್ಲಿ ಮಾತಿದೆ, ಸಾಲದ್ದಕ್ಕೂ ಇದೆ.
ಒಂಟೆಯ ಹಾಲಲ್ಲಿ ಮರಿಗೆಷ್ಟು ಮನೆಗೆಷ್ಟು
ಎಂಬ ಬರಗಾಲದ ಅಳತೆಗೂ ಇದೆ.
ಇದಕ್ಕಿಂತ ಒಂದು ಕೂದಲೆಳೆ ಕೆಳಗಿದ್ದರೂ
ನೀನು ಇಲ್ಲವೇ ಇಲ್ಲ ಎನ್ನುವುದಕ್ಕೆ?
ಕೊನೆಗೆ ಪ್ರಮಾಣ ಮುರಿದು ಕೇಳಿದೆ:
"ಬಾವಿಯೊಳಗೆ ನಿಲ್ಲಲು ಎಷ್ಟೆತ್ತರ ಇರಬೇಕು, ತಂಗಿ?"

ಅವಳು ಮೊದಲ ಸಲ ತಲೆಯೆತ್ತಿದಳು.
"ಬಾವಿಗಿಳಿದವರನ್ನು ಯಾರಣ್ಣ ಅಳೆಯುತ್ತಾರೆ?
ಒಬ್ಬರ ಮೇಲೊಬ್ಬರು ನಿಂತು ಬಕೆಟ್ಟು ಏರಿಸುತ್ತೇವೆ.
ನಡುವಿನವನು ಬಾರದ ದಿನ
ಯಾರಿದ್ದಾರೋ ಅವರೇ ನಡುವಿನವರು.
ಒಂಟೆ ಕಾಯುವುದಿಲ್ಲ."

ಹಾಗೆಯೇ ದಾಟಿಸಿದೆ.
"ಪ್ರಶ್ನೆಗಿದು ಉತ್ತರವಲ್ಲ, ಮೈ ಲೇಡಿ," ಎಂದರು ವಕೀಲರು.
ನ್ಯಾಯಮೂರ್ತಿ ಏನೋ ಬರೆದುಕೊಂಡರು.

ಗಣಿತದಲ್ಲಿ ಇ. ಏಕೆ?
ತೆಂಕಣ ಸೀಮೆಯ ಮೇಷ್ಟ್ರುಗಳು
ಗುಂಡಿನ ಸದ್ದಾದ ರಾತ್ರಿ ಲಾರಿ ಹತ್ತಿದ್ದು,
ಮತ್ತೆ ಇಳಿಯಲಿಲ್ಲ.
ಯಾರು ಕಲಿಸಿದರು ಮತ್ತೆ?
ಪುಸ್ತಕ.
ಕೊನೆಯ ಹಾಳೆಗಳು ಹರಿದಿದ್ದವು,
ಉತ್ತರಗಳಿದ್ದದ್ದು ಅಲ್ಲೇ.
ಈಗೇನು ಮಾಡುತ್ತೀರಿ?
ಅರವತ್ತೊಂದು ಮಕ್ಕಳು, ಒಂದು ಜಾಲಿ ಮರ,
ಸಂಬಳ ತಿಂಗಳಿಗೊಂದು ಆಡು, ಮಳೆ ಬಂದಿದ್ದರೆ.

ಗೆದ್ದೆವು ಎಂದುಕೊಂಡಿದ್ದೆ.
(ನಾನು ಯಾರು, ಗೆಲ್ಲಲಿಕ್ಕೆ?)
ಆಗ ಮಂಡಳಿಯ ಪರ ಸಾಕ್ಷಿಯಾಗಿ ಎದ್ದು ಬಂದಳು
ಅದೇ ಊರಿನ ಮುದುಕಿ ಗುಮಾಟೊ,
ಅರವತ್ತೊಂದರಲ್ಲಿ ಒಬ್ಬ ಅವಳ ಮೊಮ್ಮಗ.

"ಈ ಹುಡುಗಿ ನಮ್ಮವಳೇ, ಒಳ್ಳೆಯವಳೇ.
ಆದರೆ ಕೇಳು ತಾಯಿ, ಎತ್ತರದ ಕುರ್ಚಿಯವಳೇ,
ಪಟ್ಟಣದ ಮಕ್ಕಳಿಗೆ ತುಂಬಿದ ಬಕೆಟ್ಟು,
ನಮ್ಮವಕ್ಕೆ ಮಾತ್ರ ತೂತಿನದೇ?
ನಡುವಿನ ಕೈ ನಡುಗಿದರೆ
ಕೆಳಗಿನವರ ದುಡಿಮೆಯೆಲ್ಲ ನೀರುಪಾಲು.
ಅವಳಿಗೆ ಗಣಿತ ಕಲಿಸಿ ಕಳಿಸಿ.
ಮೆಟ್ಟಿಲು ಕಡಿಯಬೇಡಿ, ಅವಳನ್ನು ಎತ್ತಿ."

ಇದನ್ನೂ ಹಾಗೆಯೇ ದಾಟಿಸಿದೆ.
ನೀರುಪಾಲು ಮಾತ್ರ ಇಂಗ್ಲಿಷಿಗೆ ಬರುವಷ್ಟರಲ್ಲಿ
ಬರೀ "ನಷ್ಟ" ಆಯಿತು.
ಎರಡೂ ಕಡೆಯ ವಕೀಲರು ಅದನ್ನು ತಮ್ಮದೆಂದರು.

ತೀರ್ಪು ಮುಂದಕ್ಕೆ. ಅಕ್ಟೋಬರಂತೆ, ಇಲ್ಲವೇ ಜನವರಿ.

ಹೊರಗೆ ಜಿನುಗು ಮಳೆ, ಬಸ್ಸುಗಳ ಕೂಗು.
ಒಂದೇ ಬಸ್ಸಿನಲ್ಲಿ ಬಂದವರು ಇಬ್ಬರೂ,
ಒಂದೇ ಬುತ್ತಿ ಬಿಚ್ಚಿ ಉಂಡವರು.
"ಅಲ್ಲೀತನಕ ಪಾಠ ನಿಲ್ಲಿಸು ಅಂದರಾ?" ತಲಾಸೊ ಕೇಳಿದಳು.
ಅಂಥ ಮಾತು ನನ್ನ ಬಾಯಿಂದ ದಾಟಿಲ್ಲ ಎಂದೆ.
ಸರಿ, ಹಾಗಾದರೆ ಸೀಮೆಸುಣ್ಣ ಬೇಕು.

ಬೀದಿಯ ಅಂಗಡಿಯವನು ಡಬ್ಬಿಗೆ ಇನ್ನೂರು ಎಂದ.
ಗುಮಾಟೊ ನನ್ನ ತೋಳು ಹಿಡಿದೆಳೆದಳು:
"ಆ ಮಾತು, ಬೆಳಗ್ಗೆ ನಿನ್ನ ಗಂಟಲಲ್ಲಿ ಸಿಕ್ಕಿಕೊಂಡಿತ್ತಲ್ಲ,
ಅದನ್ನೇ ಹಾಕಿ ಕೇಳು ಇವನನ್ನು,
ಕಟ್ಟಕಡೆಗೆ ಎಷ್ಟಕ್ಕೆ ಕೊಡ್ತಾನೆ?"

ಕೇಳಿದೆ.
ಈ ಸಲ ಸಲೀಸಾಗಿ ಬಂತು.